ದೊಡ್ಡಪ್ಪನ ಬರ್ಫ, ಆಯಿಯ ಉಪ್ಪು

ವೈಶಾಖದ ಸುಡುಬಿಸಿಲಿನಲ್ಲಿ, ಗದಗಿನಿಂದ ಗಜೇಂದ್ರಗಡದವರೆಗೆ, ಕಂಬಳಿಯ ಗಂಟೊಂದನ್ನು ಅಪ್ಪಿಕೊಂಡು ಬಸ್ಸಿನಲ್ಲಿ ಬಂದ ಮನುಷ್ಯನನ್ನು ನೀವು ಏನೆನ್ನುತ್ತೀರಿ? ಹುಚ್ಚ ಎನ್ನುತ್ತೀರಿ. ಎನ್ನಿ, ನನಗೇನೂ ಬೇಸರವಿಲ್ಲ. ಆ ಮನುಷ್ಯ ನನ್ನ ದೊಡ್ಡಪ್ಪ, ಮತ್ತು ಅವನನ್ನು ಹಾಗೆ ಕರೆದವರಲ್ಲಿ ನೀವು ಮೊದಲಿಗರೂ ಅಲ್ಲ!

ಬಜಾರದಲ್ಲಿ ನಮ್ಮದೊಂದು ಅರಿವೆ ಅಂಗಡಿ ಇತ್ತು. ಹೆಸರು ದೊಡ್ಡಪ್ಪನದು, ಗಲ್ಲೆಯ ಮೇಲೆ ಕೂಡುತ್ತಿದ್ದವನು ನಮ್ಮಪ್ಪ. ದೊಡ್ಡಪ್ಪನಿಗೆ ಪುರಸೊತ್ತೆಲ್ಲಿ? ಬೇರೆ ಊರಿನವರು ಮಾಡುವುದನ್ನೆಲ್ಲ ನಾವು ಮನೆಯಲ್ಲೇ ಯಾಕೆ ಮಾಡಬಾರದು ಎಂಬ ಚಿಂತೆಗೇ ಅವನಿಗೆ ಹಗಲು ಸಾಲುತ್ತಿರಲಿಲ್ಲ. ಒಮ್ಮೆ ಸೋಡಾ ಮಾಡಿದ. ಬಾಟಲಿ ಒಡೆದ ಸದ್ದಿಗೆ ಮಗ್ಗಲ ಮನೆಯ ಮುದುಕ, ಗುಡ್ಡದ ಕೋಟೆಯ ಮೇಲೆ ಯಾರೋ ತೋಪು ಹಾರಿಸಿದರೆಂದು ಎದ್ದು ಕೂತ. ಇನ್ನೊಮ್ಮೆ ಬಿಸ್ಕೀಟು ಸುಟ್ಟ. ಅದರಲ್ಲಿ ಎರಡನ್ನು ದೊಡ್ಡವ್ವ ಅಲುಗಾಡುತ್ತಿದ್ದ ಕಪಾಟಿನ ಕಾಲಿಗೆ ಕೊಟ್ಟಳು. ಕಪಾಟು ಆಮೇಲೆ ಅಲುಗಾಡಲಿಲ್ಲ!

ಇಂಥವನು ಮಾಲು ತರಲು ಮುಂಬೈಗೆ ಹೋಗಿ ಬಂದ. ಅಲ್ಲಿ ಯಾವುದೋ ಹೋಟೆಲಿನಲ್ಲಿ ಚಾಕಲೇಟ್ ಐಸ್‌ಕ್ರೀಮು ತಿಂದನಂತೆ. ಬಾಯಿಗಿಟ್ಟ ಕೂಡಲೇ ಅವನಿಗೆ ನೆನಪಾದದ್ದು ಹೆಂಡತಿಯಲ್ಲ, ಮಕ್ಕಳೂ ಅಲ್ಲ. ನಮ್ಮ ಆಯಿ, ಅಂದರೆ ಅವನ ಅವ್ವ.

ಆಯಿಯ ಕಡೆಯ ಹಲ್ಲು ಆ ವರ್ಷದ ಸಂಕ್ರಾಂತಿಗೆ ಬಿದ್ದಿತ್ತು. ಖಡಕ್ ರೊಟ್ಟಿಯನ್ನು ಕಟಕಟ ಕಡಿಯುತ್ತಿದ್ದವಳಿಗೆ ಈಗ ನುಚ್ಚು ಮಜ್ಜಿಗೆಯೇ ಗತಿ. ಅದನ್ನೂ ನಾಲ್ಕು ತುತ್ತಿಗೆ ಸಾಕೆಂದು ಗಂಗಾಳ ದೂಡುತ್ತಿದ್ದಳು. ದಿನದಿನಕ್ಕೆ ಸೊರಗುತ್ತಿದ್ದಳು. ಮನೆಯವರಿಗೆಲ್ಲ ಅದೇ ಚಿಂತೆಯಾಗಿತ್ತು.

"ಯವ್ವಾ, ಅದಕ್ಕ ಹಲ್ಲ ಬೇಕಾಗಂಗಿಲ್ಲ!" ಎಂದು ದೊಡ್ಡಪ್ಪ ಹೊಸ್ತಿಲಲ್ಲೇ ಕೂಗಿದ. "ನಾಲಿಗಿ ಮ್ಯಾಲೆ ಇಟ್ರ ಸಾಕು, ತಾನ ಕರಗಿ ಒಳಗ ಹೊಕ್ಕತಿ. ನಿನಗ ತಿನಸ್ಲಿಲ್ಲಂದ್ರ ನಾ ನಿನ್ನ ಮಗನ ಅಲ್ಲ!"

ಜೊತೆಗೆ ಒಂದು ಕೋಕೋ ಡಬ್ಬಿ ತಂದಿದ್ದ. ಆಯಿ ಮುಚ್ಚಳ ತೆಗೆದು ನೋಡಿದಳು. ಕಂದು ಬಣ್ಣದ ನುಣ್ಣನೆಯ ಪುಡಿ. ಜೀವಮಾನವಿಡೀ ತಪಕೀರು, ಅಂದರೆ ನಸ್ಯ, ಏರಿಸಿದವಳಿಗೆ ಅದು ಇನ್ನೇನಾಗಿ ಕಾಣಬೇಕು? ಒಂದು ಚಿಟಿಕೆ ತೆಗೆದು ಮೂಗಿಗೆ ಏರಿಸಿಯೇಬಿಟ್ಟಳು! ಸೀನಿಗಾಗಿ ಕಾದಳು. ನಾವೂ ಕಾದೆವು. ಸೀನು ಬರಲಿಲ್ಲ.

"ಮುಂಬೈಯವ್ರು ನಿನಗ ಮೋಸ ಮಾಡ್ಯಾರ ತಮ್ಮಾ," ಎಂದಳು ಆಯಿ. "ಇದರಾಗ ಖಾರನ ಇಲ್ಲ."

ಬಡಿಗೇರ ಒಂದು ಕಟ್ಟಿಗೆಯ ಬಕೀಟು ಮಾಡಿಕೊಟ್ಟ. ಅದರ ನಡುವೆ ಕೂರುವ, ಹಿಡಿಕೆ ಹಿಡಿದು ಗರಗರ ತಿರುವುವ ಡಬ್ಬಿಯನ್ನು ತಗಡಿನ ಕೆಲಸದ ಹುಸೇನಸಾಬ ಮಾಡಿಕೊಟ್ಟ. ಉಳಿದದ್ದು ಬರ್ಫ, ಅಂದರೆ ಮಂಜುಗಡ್ಡೆ. ಅದು ಸಿಗುತ್ತಿದ್ದದ್ದು ಗದಗಿನಲ್ಲಿ. ಮೊದಲ ಸಲ ಗೋಣಿಚೀಲದಲ್ಲಿ ಕಟ್ಟಿ ಬಸ್ಸಿನ ಮೇಲೆ ಹಾಕಿಸಿದ. ಅವತ್ತು ನರೇಗಲ್ಲಿನ ಸಂತೆ, ಬಸ್ಸು ಅಲ್ಲಿ ಬಹಳ ಹೊತ್ತು ನಿಂತಿತು. ಕಿಟಕಿಯ ಮೇಲಿಂದ ನೀರು ತೊಟ್ಟಿಕ್ಕತೊಡಗಿತು. "ಮಳಿ ಬಂತ್ರೆಪೋ!" ಎಂದು ಒಳಗಿದ್ದವರೆಲ್ಲ ಹಿಗ್ಗಿ ಕೈ ಹೊರಗೆ ಚಾಚಿದರು. ಗಜೇಂದ್ರಗಡ ಮುಟ್ಟಿದಾಗ ದೊಡ್ಡಪ್ಪನ ಕೈಗೆ ಬಂದದ್ದು ಒದ್ದೆ ಗೋಣಿಚೀಲ ಮಾತ್ರ!

ಎರಡನೆಯ ಸಲವೇ ಆ ಕಂಬಳಿಯ ಪ್ರಯಾಣ. ಬರ್ಫಕ್ಕೆ ಕಟ್ಟಿಗೆಯ ಹೊಟ್ಟು ಮೆತ್ತಿ, ಕಂಬಳಿಯಲ್ಲಿ ಸುತ್ತಿ ತೊಡೆಯ ಮೇಲಿಟ್ಟುಕೊಂಡ. ತೊಡೆ ಮರಗಟ್ಟಿ, ಹಲ್ಲು ಕಟಕಟ ಎನ್ನತೊಡಗಿದವು. ಎದುರಿಗೆ ಕೂತಿದ್ದ ಹೆಂಗಸು ನೋಡಿದಳು. "ಅಯ್ಯ, ಚಳಿಜ್ವರ ಬಂದೈತಿ ನೋಡ್ರಿ! ಹ್ಯಾಂಗ ನಡಗಾಕತ್ತಾನ! ಲಗೂನ ರೋಣದ ದವಾಖಾನಿಗೆ ಒಯ್ರಿ," ಎಂದು ಎದ್ದು ಹಿಂದೆ ಹೋದಳು. ಅವಳ ಹಿಂದೆ ಉಳಿದವರೂ ಹೋದರು. ದೊಡ್ಡಪ್ಪ ಇಡೀ ಬೆಂಚಿನ ಮೇಲೆ ಒಬ್ಬನೇ ರಾಜನಂತೆ ಊರಿಗೆ ಬಂದ. ಬರ್ಫವೂ ಮುಕ್ಕಾಲು ಉಳಿದಿತ್ತು!

ಓಣಿಯವರೆಲ್ಲ ಬಟ್ಟಲು ಹಿಡಿದು ಅಂಗಳಕ್ಕೆ ಬಂದರು. ಕೋಕೋ ಸಕ್ಕರೆ ಬೆರೆಸಿದ ಎಮ್ಮೆಯ ಕೆನೆಹಾಲು ಡಬ್ಬಿಗೆ ಬಿತ್ತು. ಸುತ್ತಲೂ ಬರ್ಫದ ಚೂರು ತುಂಬಿದ್ದಾಯಿತು. ಇನ್ನು ಬರ್ಫದ ಮೇಲೆ ಹರಳುಪ್ಪು ಸುರಿಯಬೇಕು, ಆಗಲೇ ಹಾಲು ಹೆಪ್ಪುಗಟ್ಟುವುದು. ದೊಡ್ಡಪ್ಪ ಉಪ್ಪು ತರಲು ಹೇಳಿದ್ದೇ ತಡ, ಆಯಿ ನಡುಮನೆಯಿಂದ ಗುಡುಗಿದಳು.

"ಹಾಲಿನ ಸುತ್ತ ಉಪ್ಪ? ಎಮ್ಮಿ ಬತ್ತಬೇಕಂತ ಮಾಡೀಯೇನು?"

ನಮ್ಮ ಮನೆಯಲ್ಲಿ ಹಾಲಿನ ಗಡಿಗೆ ಒಂದು ಮೂಲೆಗಿದ್ದರೆ ಉಪ್ಪಿನ ಮರಿಗೆ ಎದುರು ಮೂಲೆಗೆ. ಹಾಲು ಮುಟ್ಟಿದ ಕೈಯಿಂದ ಉಪ್ಪು ಮುಟ್ಟುವಂತಿರಲಿಲ್ಲ. ಮುಟ್ಟಿದರೆ ಎಮ್ಮೆಯ ಕೆಚ್ಚಲು ಒಣಗುತ್ತದೆ ಎಂಬುದರಲ್ಲಿ ಆಯಿಗೆ ಎಳ್ಳಷ್ಟೂ ಸಂಶಯವಿರಲಿಲ್ಲ.

"ಯವ್ವಾ, ಉಪ್ಪ ಹೊರಗ, ಹಾಲ ಒಳಗ. ನಡುವ ತಗಡ ಐತೆಲ್ಲ!"

"ತಗಡ ಎಮ್ಮಿಗೆ ತಿಳಿತೈತೇನು?"

ಇದಕ್ಕೆ ಮುಂಬೈಯಲ್ಲೂ ಉತ್ತರವಿರಲಿಕ್ಕಿಲ್ಲ. ದೊಡ್ಡಪ್ಪ ಬಕೀಟಿನ ಮುಂದೆ ಕುಕ್ಕರಿಸಿದ. "ಆತು ಬಿಡು, ಹಾಕೂದಿಲ್ಲ," ಎಂದ. ಉಪ್ಪಿಲ್ಲದೆಯೇ ಹಿಡಿಕೆ ತಿರುವತೊಡಗಿದ.

ತಿರುವಿದ, ತಿರುವಿದ. ಮುಚ್ಚಳ ತೆಗೆದು ನೋಡಿದರೆ ಹಾಲು. ಮತ್ತೆ ತಿರುವಿದ. ಮತ್ತೆ ಹಾಲೇ, ತಣ್ಣಗೆ ನಗುತ್ತಿತ್ತು. ಬರ್ಫ ಕರಗಿ ಬಕೀಟಿನ ತೂತಿನಿಂದ ಅಂಗಳಕ್ಕೆ ಹರಿಯುತ್ತಿತ್ತು. ಬಟ್ಟಲು ಹಿಡಿದವರು ಒಬ್ಬೊಬ್ಬರಾಗಿ ಮನೆಯ ಕಡೆ ನಡೆದರು. ಹುಸೇನಸಾಬನಿಗೆ ತಡೆಯಲಾಗಲಿಲ್ಲ.

"ಒಂದೆರಡು ಬೊಗಸಿ ಉಪ್ಪ ಹಾಕಿಬಿಡ್ರಿ ಯಜಮಾನ್ರ. ಅಮ್ಮಾರೇನು ನೋಡೂದಿಲ್ಲ," ಎಂದು ಪಿಸುಗುಟ್ಟಿದ.

"ನಾ ನೋಡ್ತೀನಲ್ಲೋ ಸಾಬಣ್ಣಾ," ಎಂದ ದೊಡ್ಡಪ್ಪ.

ಅವನ ಅಂಗೈಯಲ್ಲಿ ಬೊಬ್ಬೆ ಎದ್ದಿದ್ದವು. ಸೋಡಾ ಸಿಡಿದಾಗ ಎಲ್ಲರಿಗಿಂತ ಮೊದಲು ನಕ್ಕವನು ಅವನು. ಬಿಸ್ಕೀಟನ್ನು ಊರೇ ಆಡಿಕೊಂಡಾಗಲೂ ನಕ್ಕವನು. ಅವನ ಮುಖ ಸಣ್ಣಗಾದದ್ದನ್ನು ನಾನು ನೋಡಿದ್ದು ಅವತ್ತೇ ಮೊದಲು. ನನಗಂತೂ ಅಳು ಬಂದಿತ್ತು.

ಆಗ ಆಯಿ ಹೊಸ್ತಿಲು ದಾಟಿ ಬಂದಳು. ಸೊಂಟದ ಮೇಲೆ ಉಪ್ಪಿನ ಮರಿಗೆ!

"ಸರಿ ಅತ್ತಾಗ," ಎಂದು ಮಗನನ್ನು ಸರಿಸಿ, ಬೊಗಸೆ ಬೊಗಸೆ ಉಪ್ಪನ್ನು ಉಳಿದ ಬರ್ಫದ ಮೇಲೆ ಹಾಕಿದಳು.

"ಯವ್ವಾ, ಎಮ್ಮಿ?"

"ಹಾಕಿದಾಕಿ ನಾ. ಪಾಪ ಬಂದ್ರ ನನಗ ಬರ್ಲಿ. ನೀ ತಿರುವು."

ಅರ್ಧ ತಾಸಿನಲ್ಲಿ ಹಿಡಿಕೆ ಬಿಗಿಯಾಯಿತು. ಮುಚ್ಚಳ ತೆಗೆದಾಗ ಒಳಗೆ ಕಂದು ಬಣ್ಣದ ಗಟ್ಟಿ ಐಸ್‌ಕ್ರೀಮು! ಮೊದಲ ಚಮಚ ಆಯಿಯ ಬೊಚ್ಚುಬಾಯಿಗೆ. ಥಂಡಿಗೆ ಅವಳ ಕಣ್ಣು ಮುಚ್ಚಿದವು, ಹುಬ್ಬು ಏರಿದವು. ಆಮೇಲೆ ಬಟ್ಟಲನ್ನೇ ಕೈಗೆ ತೆಗೆದುಕೊಂಡಳು. ಬಟ್ಟಲು ಬರಿದಾದ ಮೇಲೆ ಆಯಿ ಅದನ್ನು ಮುಂದೆ ಚಾಚಿ, "ಇನ್ನೊಂದೀಟು ಹಾಕೋ," ಎಂದಳು. ಎಷ್ಟೋ ತಿಂಗಳ ಮೇಲೆ ಆಯಿ ಇನ್ನಷ್ಟು ಬೇಕೆಂದು ಕೇಳಿದ್ದಳು! ದೊಡ್ಡಪ್ಪ ಮುಖ ತಿರುಗಿಸಿದ. ಉಪ್ಪು ಕಣ್ಣಿಗೆ ಸಿಡಿಯಿತಂತೆ.

ಮರುದಿನ ಬೆಳಿಗ್ಗೆ ಎಮ್ಮೆ ಬತ್ತಿದೆಯೋ ಏನೋ ಎಂಬ ಹೆದರಿಕೆಯಿಂದ ನಾನು ಎಲ್ಲರಿಗಿಂತ ಮೊದಲೇ ಎದ್ದು ದನದ ಕೊಟ್ಟಿಗೆಗೆ ಓಡಿದೆ. ಬಾಗಿಲಲ್ಲಿ ದೊಡ್ಡಪ್ಪ ಖಾಲಿ ಚರಿಗೆ ಹಿಡಿದು ನಿಂತಿದ್ದ. ಅವನಿಗೂ ಅದೇ ಹೆದರಿಕೆ! ತುಟಿಯ ಮೇಲೆ ಬೆರಳಿಟ್ಟು ನನ್ನನ್ನು ತಡೆದ. ಒಳಗೆ ಆಯಿ ಎಮ್ಮೆಯ ಕೊರಳು ತಿಕ್ಕುತ್ತ ಮಾತಾಡುತ್ತಿದ್ದಳು.

"ಉಪ್ಪ ಹಾಕಿದಾಕಿ ನಾನವ್ವಾ. ನನ್ನ ಮಗಂದೇನೂ ತಪ್ಪಿಲ್ಲ. ಅಂವಾ ನನ್ನ ಸಲುವಾಗಿ ಕೈ ಬೊಬ್ಬಿ ಮಾಡ್ಕೊಂಡಾನ. ಅವನ ಮ್ಯಾಲೆ ಸಿಟ್ಟ ಆಗಬ್ಯಾಡ, ನನ್ನವ್ವಾ."

ದೊಡ್ಡಪ್ಪ ನನ್ನ ಕೈ ಹಿಡಿದು, ಸದ್ದಾಗದಂತೆ ಹಿಂದಕ್ಕೆ ಕರೆತಂದ. ಸೋಡಾದಿಂದ ಹಿಡಿದು ಬರ್ಫದವರೆಗೆ ತನ್ನ ಸಾಹಸಗಳನ್ನೆಲ್ಲ ಊರಿಗೆ ಸಾರಿಕೊಂಡು ಬಂದವನು ಇದೊಂದನ್ನು ಸಾಯುವವರೆಗೂ ಯಾರ ಮುಂದೆಯೂ ಹೇಳಲಿಲ್ಲ. ಆ ಬೆಳಿಗ್ಗೆ ಮಾತ್ರ ಖಾಲಿ ಚರಿಗೆ ತೊಡೆಯ ಮೇಲಿಟ್ಟುಕೊಂಡು, ಕಟ್ಟೆಯ ಮೇಲೆ ಕೂತು, ಸಣ್ಣ ಹುಡುಗನ ಹಾಗೆ ಅತ್ತುಬಿಟ್ಟ.

ಎಮ್ಮೆ ಅವತ್ತು ದಿನದಷ್ಟೇ ಹಾಲು ಕೊಟ್ಟಿತು.