ಹಳೆಯ ಟ್ಯಾಂಕಿಗೆ ಬಾಗಿಲು ತೆರೆಯದ ಹೊಸ ಗೇಮ್ ಯಂತ್ರಕ್ಕೆ

ದೊಡ್ಡಬಳ್ಳಾಪುರ
ಶ್ರಾವಣ ಮಾಸ, 1998

ನಮ್ಮ ಮನೆಯ ಟಿವಿ ಸ್ಟ್ಯಾಂಡಿನ ಕೆಳಗಿನ ಹಲಗೆಯ ಮೇಲೆ, ಕಸೂತಿ ಹೊದಿಕೆಯ ನೆರಳಿನಲ್ಲಿ ವಿರಾಜಮಾನರಾಗಿರುವ ಹೊಸ ವಿಡಿಯೋ ಗೇಮ್ ಯಂತ್ರ ಮಹೋದಯರಿಗೆ, ಪವರ್‌ಲೂಮ್ ನರಸಿಂಹಯ್ಯನು ಸಕುಟುಂಬವಾಗಿ ಮಾಡುವ ನಮಸ್ಕಾರಗಳು.

ಮಾನ್ಯರೇ,

ತಾವು ನಮ್ಮ ಮನೆಗೆ ದಯಮಾಡಿಸಿದಾಗಿನಿಂದ ತಮ್ಮ ಕಪ್ಪು ಮೈಯ ಹೊಳಪನ್ನೂ, ಸ್ವಿಚ್ ಒತ್ತಿದೊಡನೆ ಕೆಂಪಗೆ ಕಣ್ಣು ಬಿಡುವ ತಮ್ಮ ಗಾಂಭೀರ್ಯವನ್ನೂ ಬೀದಿಯವರೆಲ್ಲ ಬಂದು ನೋಡಿ ಹೋಗಿದ್ದಾರೆ. ಇಂಥ ದೊಡ್ಡವರ ಮೇಲೆ ದೂರು ಬರೆಯಲು ನನಗೆ ಸಂಕೋಚವೇ. ಆದರೂ ಬರೆಯದಿದ್ದರೆ, ತಮ್ಮಿಂದ ನಮ್ಮ ಮನೆಯಲ್ಲಿ ಏನೇನಾಯಿತೆಂಬುದು ತಮಗೆ ತಿಳಿಯುವುದಾದರೂ ಹೇಗೆ?

ತಮಗಿಂತ ಮೊದಲು ಆ ಹಲಗೆಯ ಮೇಲೆ ಬಿಳಿಯ ಬಣ್ಣದ ಹಳಬರೊಬ್ಬರಿದ್ದರು. ಅವರ ಬೆನ್ನಿಗೆ ಅಂಗೈಯಗಲದ ಹಳದಿ ಕ್ಯಾಸೆಟ್ ಸಿಕ್ಕಿಸಿದರೆ ಟಿವಿಯಲ್ಲಿ ಯುದ್ಧದ ಎರಡು ಟ್ಯಾಂಕುಗಳು ಬರುತ್ತಿದ್ದವು. ಇಬ್ಬರು ಆಟಗಾರರು ಒಂದಾಗಿ, ನುಗ್ಗಿ ಬರುವ ಶತ್ರು ಟ್ಯಾಂಕುಗಳಿಂದ ಒಂದು ಇಟ್ಟಿಗೆ ಕೋಟೆಯನ್ನು ಕಾಪಾಡಬೇಕು. ಆಟ ಇಷ್ಟೇ. ಇಷ್ಟರಿಂದಲೇ ನಮಗಾದ ಉಪಕಾರವನ್ನು ತಾವು ಕೇಳಬೇಕು.

ನನ್ನ ಅಕ್ಕ ಪಾಪಕ್ಕ ನಮ್ಮ ಜೊತೆಯಲ್ಲೇ ಇದ್ದಾರೆ; ಸೀರೆಗೆ ಬಣ್ಣ ಹೊಂದಿಸುವುದು ಅವರ ಕೆಲಸ. ಒಮ್ಮೆ ಅವರು ನೇರಳೆ ಒಡಲಿಗೆ ಗಿಳಿಹಸಿರು ಅಂಚು ಹಾಕಿಸಿದಾಗ, ನನ್ನ ಹೆಂಡತಿ ಆದಿಲಕ್ಷ್ಮಮ್ಮ ನೆಂಟರೆಲ್ಲ ಕೂತಿರುವಾಗಲೇ "ಇದನ್ನ ಉಟ್ಕೊಂಡ್ರೆ ಬದನೇಕಾಯಿ ನಡ್ಕೊಂಡ್ ಬಂದಂಗಿರ್ತದೆ" ಎಂದು ನಕ್ಕುಬಿಟ್ಟಳು. ಅಂದಿನಿಂದ ಇಬ್ಬರಿಗೂ ಮಾತಿಲ್ಲ. "ನಿಮ್ಮಕ್ಕಂಗೆ ಹೇಳಿ, ಸಾರಿಗೆ ಉಪ್ಪು ಹಾಕಿದೀನಿ" ಎಂದು ಇವಳು. "ಹಾಕಿರೋದು ಬಾಯಿಗೇ ಗೊತ್ತಾಯ್ತು ಅಂತ ಹೇಳಪ್ಪಾ" ಎಂದು ಅವರು. ಒಂದೇ ಒಲೆಯ ಮುಂದೆ ಪಕ್ಕಪಕ್ಕದಲ್ಲಿ ನಿಂತಿದ್ದ ಇಬ್ಬರ ನಡುವೆ ನಾನು ಅಂಚೆಯವನಾಗಿ ಓಡಾಡುತ್ತಿದ್ದೆ.

ಮಗ್ಗಕ್ಕೆ ರಜೆಯಿದ್ದ ಒಂದು ಅಮಾವಾಸ್ಯೆಯ ಮಧ್ಯಾಹ್ನ, ನನ್ನ ಮಗಳು ಮೇಘನ ಜೊತೆಗೆ ಆಡುವವರಿಲ್ಲವೆಂದು ತನ್ನ ಅತ್ತೆಯ ಕೈಗೆ ಒಂದು ಕಂಟ್ರೋಲ್ ಕೊಟ್ಟಳು. ಅಷ್ಟರಲ್ಲಿ ಗೆಳತಿ ಕೂಗಿದಳೆಂದು ತನ್ನದನ್ನು ತಾಯಿಯ ಮಡಿಲಿಗೆ ಹಾಕಿ ಎದ್ದು ಓಡಿದಳು. ಶತ್ರುಗಳು ಕಾಯುವವರಲ್ಲ. ಇಬ್ಬರೂ ಮುಖ ಊದಿಸಿಕೊಂಡೇ ಗುಂಡು ಹಾರಿಸುತ್ತಿದ್ದರು. ಒಂದು ಟ್ಯಾಂಕು ಗೋಡೆ ಒಡೆದುಕೊಂಡು ಕೋಟೆಯ ಹತ್ತಿರ ಬಂದಾಗ ನನ್ನ ಹೆಂಡತಿಯ ಬಾಯಿಂದ "ಅಕ್ಕಾ, ಎಡಗಡೆ! ಎಡಗಡೆ ಬಂದ್ಬಿಟ್ಟ!" ಎಂಬ ಮಾತು ತಾನಾಗಿಯೇ ಹೊರಬಿತ್ತು.

"ಅವನನ್ನ ನಾನ್ ನೋಡ್ಕೋತೀನಿ, ನೀನು ಮೇಲ್ಗಡೆ ಹೋಗು ಲಕ್ಷ್ಮೀ" ಎಂದರು ಅಕ್ಕ.

ಬಾಗಿಲಲ್ಲಿ ನಿಂತಿದ್ದ ನಾನು ಒಳಗೆ ಬರುವುದನ್ನೇ ಮರೆತೆ. ಅಂದಿನಿಂದ ದಿನವೂ ಸಂಜೆ ಇಬ್ಬರೂ ಸೇರಿ ಕೋಟೆ ಕಾಯುತ್ತಿದ್ದರು. ಅದೇ ಸಲುಗೆ ಮೆಲ್ಲಗೆ ಅಡುಗೆಮನೆಗೂ ಬಂದು, ನನ್ನ ಅಂಚೆ ಕೆಲಸ ತಪ್ಪಿತು.

ಮೊನ್ನೆ ಬೇಸಿಗೆಯಲ್ಲಿ ವೋಲ್ಟೇಜ್ ಏರಿ ಆ ಹಳಬರು ಒಳಗೊಳಗೇ ಸುಟ್ಟುಹೋದರು. ಬೆಂಗಳೂರಿನಲ್ಲಿರುವ ನನ್ನ ಭಾವಮೈದ ಚೌಡೇಶ್, ತನ್ನ ಅಕ್ಕ ಆದಿಲಕ್ಷ್ಮಮ್ಮನ ಸಪ್ಪೆ ಮುಖ ನೋಡಲಾರದೆ ತಮ್ಮನ್ನು ಕರೆತಂದ. ಹಳೆಯ ಕ್ಯಾಸೆಟ್ ಹಾಕಬಹುದೇ ಎಂದು ಅವನು ಕೇಳಿದ್ದಕ್ಕೆ ಅಂಗಡಿಯವರು "ಹೊಸ ಮಿಷೀನ್ ಗುರು, ಇದ್ರಲ್ಲಿ ಎಲ್ಲಾ ಆಡ್ತದೆ" ಎಂದಿದ್ದರಂತೆ. ಮಂಗಳಾರತಿ ಮಾಡಿ ತಮ್ಮನ್ನು ಕೂರಿಸಿದ ಮೇಲೆ ಅಕ್ಕ ಹಳದಿ ಕ್ಯಾಸೆಟ್ಟನ್ನು ಸೆರಗಿನಿಂದ ಒರೆಸಿ ಕೊಟ್ಟರು. ಅದು ತಮ್ಮೊಳಗೆ ಇಳಿಯಲಿಲ್ಲ. ಅಕ್ಕ ಊದಿದರು, ನನ್ನ ಹೆಂಡತಿ ಊದಿದಳು, ತಿರುಗಿಸಿ ಮುರುಗಿಸಿ ನೋಡಿದ್ದಾಯಿತು. ತಾವು ತುಟಿ ಬಿಚ್ಚಲಿಲ್ಲ. ಮರುದಿನ ನಾನೇ ಬಸ್ಸು ಹತ್ತಿ ಅಂಗಡಿಗೆ ಹೋದರೆ, ಅದೇ ಮಹನೀಯರು "ಅದು ಎಂಟು ಬಿಟ್ಟು, ಇದು ಹದಿನಾರು ಬಿಟ್ಟು ಯಜಮಾನ್ರೇ, ಹಳೇದನ್ನ ಮರ್ತ್ಬಿಡಿ" ಎಂದು ಉಪದೇಶಿಸಿದರು. ಹದಿನಾರು ಬಿಟ್ಟೆಂದರೆ ಏನೆಂದು ನನಗೆ ತಿಳಿಯದು. ತಾವು ನಮ್ಮದನ್ನು ಬಿಟ್ಟಿರೆಂಬುದು ಮಾತ್ರ ತಿಳಿಯಿತು.

ಮಾನ್ಯರೇ, ನಮ್ಮ ತಂದೆ ಕೈಮಗ್ಗದ ಕಾಲದಲ್ಲಿ ತೂತು ಹೊಡೆಸಿದ ಡಿಸೈನಿನ ರಟ್ಟುಗಳು ಇಂದಿಗೂ ನನ್ನ ಕರೆಂಟಿನ ಮಗ್ಗದ ಮೇಲೆ ಓಡಿ, ಅದೇ ಮಾವಿನಕಾಯಿ ಬುಟ್ಟಾವನ್ನು ಸೆರಗಿಗೆ ಇಳಿಸುತ್ತವೆ. ಎಣ್ಣೆ ಕುಡಿದು ದಿನವಿಡೀ ಗಡಗಡಿಸುವ ಆ ಒರಟು ಕಬ್ಬಿಣಕ್ಕೆ ಹಿರಿಯರ ಗುರುತು ಸಿಗುತ್ತದೆ. ಇಷ್ಟೊಂದು ಓದಿಕೊಂಡಿರುವ ತಮಗೆ ಸಿಗಲಿಲ್ಲವೆಂದರೆ, ಅದು ತಮ್ಮ ವಿದ್ಯೆಯ ಹೆಚ್ಚುಗಾರಿಕೆಯೇ ಇರಬೇಕು.

ತಾವು ಬರಿಗೈಯಲ್ಲಿ ಬಂದಿರಿ ಎಂದರೆ ನನ್ನ ನಾಲಿಗೆಗೆ ದೋಷ ತಟ್ಟೀತು. ತಮ್ಮ ಜೊತೆ ಒಂದು ಕುಸ್ತಿ ಆಟ ಬಂದಿತ್ತು. ಅದರಲ್ಲಿ ಇಬ್ಬರು ಸೇರಿ ಏನನ್ನೂ ಕಾಪಾಡಬೇಕಾಗಿಲ್ಲ, ಒಬ್ಬರನ್ನೊಬ್ಬರು ಬಡಿದರೆ ಸಾಕು. ಮೊದಲ ದಿನವೇ ಅಕ್ಕ ಯಾವುದೋ ಗುಂಡಿ ಒತ್ತಿ ನನ್ನ ಹೆಂಡತಿಯ ಪೈಲ್ವಾನನನ್ನು ಅಂಗಾತ ಕೆಡವಿದರು. "ಬೇಕಂತ್ಲೇ ಹೊಡೆದ್ರಿ" ಎಂದಳು ಇವಳು. "ಹೊಡೆಯೋ ಆಟದಲ್ಲಿ ಮುದ್ದು ಮಾಡ್ಲಾ?" ಎಂದರು ಅವರು. ರಾತ್ರಿ ಊಟದ ಹೊತ್ತಿಗೆ "ನಿಮ್ಮಕ್ಕಂಗೆ ಹೇಳಿ" ಎಂಬ ಮಾತು ಮತ್ತೆ ನನ್ನ ಕಿವಿಗೆ ಬಿತ್ತು; ಮುದ್ದೆ ಬಿಟ್ಟು ಅಂಚೆ ಕೆಲಸಕ್ಕೆ ಎದ್ದೆ. ವರ್ಷಗಟ್ಟಲೆ ಕಷ್ಟಪಟ್ಟು ಕಟ್ಟಿದ್ದನ್ನು ಒಂದೇ ಸಂಜೆಗೆ ಕೆಡವುವ ತಮ್ಮ ವೇಗವನ್ನು ಎಷ್ಟು ಹೊಗಳಿದರೂ ಸಾಲದು.

ಕಳೆದ ವಾರ ಅಕ್ಕ ಒಬ್ಬರೇ ತಮ್ಮ ಮುಂದೆ ಕೂತಿದ್ದರು. ಏನೆನಿಸಿತೋ, ಆದಿಲಕ್ಷ್ಮಮ್ಮ ಬಂದು ಪಕ್ಕದಲ್ಲಿ ಕೂತು ಇನ್ನೊಂದು ಕಂಟ್ರೋಲ್ ಎತ್ತಿಕೊಂಡಳು. ಆಟ ಶುರುವಾಯಿತು. ಅಕ್ಕ ಗುಂಡಿ ಒತ್ತಲಿಲ್ಲ, ಇವಳೂ ಒತ್ತಲಿಲ್ಲ. ಪೈಲ್ವಾನರಿಬ್ಬರೂ ಎದುರುಬದುರು ನಿಂತು ಸುಮ್ಮನೆ ಏದುಸಿರು ಬಿಡುತ್ತಿದ್ದರು.

"ಯಾಕಕ್ಕಾ, ಹೊಡೀತಿಲ್ಲ?"

"ನಿನ್ನ ಹೊಡೆದು ನಂಗೇನ್ ಆಗ್ಬೇಕು ಕಣೇ? ಸುಮ್ನೆ ಕೂತ್ಕೋ." ಕಂಟ್ರೋಲನ್ನು ಮಡಿಲಿಗಿಟ್ಟು ಅಕ್ಕ ಕೇಳಿದರು, "ಆ ಸೀರೆ ನಿಜ್ವಾಗ್ಲೂ ಅಷ್ಟ್ ಕೆಟ್ಟದಾಗಿತ್ತಾ?"

"ಚೆನ್ನಾಗಿತ್ತು ಅಕ್ಕಾ. ಎಲ್ಲಾರೂ ನಿಮ್ಮನ್ನೇ ಹೊಗಳ್ತಿದ್ರಲ್ಲಾ, ನಂಗೆ ಹೊಟ್ಟೆ ಉರೀತು."

ಆಟದ ಹೊತ್ತು ಎಣಿಸುವ ತಮ್ಮ ಗಡಿಯಾರ ಸೊನ್ನೆಗೆ ಬಂತು. ಯಾರೂ ಗೆಲ್ಲಲಿಲ್ಲವೆಂದು ತಾವು ಪರದೆಯ ಮೇಲೆ ಸಾರಿದಿರಿ. ಅದನ್ನು ನೋಡುವುದಕ್ಕೆ ಅವರಿಬ್ಬರಿಗೂ ಪುರುಸೊತ್ತಿರಲಿಲ್ಲ. ಈಗ ದಿನವೂ ಸಂಜೆ ಪೈಲ್ವಾನರನ್ನು ನಿಲ್ಲಿಸಿಟ್ಟುಕೊಂಡು ಇಬ್ಬರೂ ಊರ ಸುದ್ದಿಯೆಲ್ಲ ಮಾತಾಡುತ್ತಾರೆ.

ಆದ್ದರಿಂದ ನನ್ನ ಸಣ್ಣ ಕೋರಿಕೆ: ತಮ್ಮ ಹದಿನಾರು ಬಿಟ್ಟುಗಳಲ್ಲಿ ಎಂಟನ್ನು ದಿನವೂ ಸಂಜೆಯ ಹೊತ್ತು ನಮ್ಮ ಟ್ಯಾಂಕುಗಳಿಗೆ ಬಿಟ್ಟುಕೊಡಬೇಕು. ಅದಾಗದಿದ್ದರೆ ಆ ಗಡಿಯಾರವನ್ನಾದರೂ ನಿಲ್ಲಿಸಬೇಕು. ಮಾತು ರಂಗೇರುವ ಹೊತ್ತಿಗೇ ತಾವು ಗಂಟೆ ಬಾರಿಸುವುದು ದೊಡ್ಡವರಿಗೆ ಶೋಭಿಸುವುದಿಲ್ಲ.

ಇಷ್ಟೆಲ್ಲ ಆದರೂ ತಮ್ಮ ವಿಶ್ವಾಸಿಯಾಗಿಯೇ ಉಳಿದಿರುವ,
ನರಸಿಂಹಯ್ಯ

ಮರೆತ ಮಾತು: ಸುಮ್ಮನೆ ನಿಂತ ತಮ್ಮ ಪೈಲ್ವಾನರನ್ನು ದಿನವೂ ನೋಡಿ ನೋಡಿ ಅಕ್ಕನಿಗೆ ಮರುಕ ಬಂದಿದೆ. ಇಷ್ಟು ದೊಡ್ಡ ಮನೆತನದವರಾಗಿ ಮಕ್ಕಳನ್ನು ಚಡ್ಡಿಯಲ್ಲೇ ಹೊರಗೆ ಕಳಿಸಿದ್ದೀರಿ. ಅದೂ ಬಟ್ಟೆ ನೇಯುವ ಊರಿಗೆ. ಅಳತೆ ತಿಳಿಸಿದರೆ ಒಬ್ಬೊಬ್ಬರಿಗೂ ಒಂದೊಂದು ಪಂಚೆ ನಾವೇ ನೇಯ್ದು ಉಡಿಸುತ್ತೇವೆ. ಬಣ್ಣವನ್ನು ಅಕ್ಕನೂ ನನ್ನ ಹೆಂಡತಿಯೂ ಸೇರಿ ಆರಿಸುತ್ತಿದ್ದಾರೆ.