ಲಾಸ್ಸೆಗೆ ನಾನು ಕಲಿಸಿದ ಫುಟ್‌ಬಾಲ್

ಗೊತ್ತಿಲ್ಲದ ವಿಷಯದ ಬಗ್ಗೆ ಮಾತನಾಡುವಾಗ ನನಗೆ ಬರುವ ಧೈರ್ಯ ಗೊತ್ತಿರುವ ವಿಷಯದ ಬಗ್ಗೆ ಯಾವತ್ತೂ ಬಂದಿಲ್ಲ. ದೊಡ್ಡ ಕಟ್ಟಡಗಳಿಗೆ ಏರ್ ಕಂಡೀಷನಿಂಗ್ ವಿನ್ಯಾಸ ಮಾಡುವುದು ನನ್ನ ಉದ್ಯೋಗ. ಅಮೆರಿಕದ ಡಲ್ಲಾಸಿನ ಪಕ್ಕದ ಇರ್ವಿಂಗಿನ ಆಫೀಸಿನಲ್ಲಿ ಕೂದಲು ಉದುರುವಷ್ಟು ಕಾಲ ಅದನ್ನೇ ಮಾಡಿದ್ದೇನೆ. ಆದರೂ ಯಾರಾದರೂ ಬಂದು ಈ ಕೋಣೆ ಯಾಕೆ ತಣ್ಣಗಾಗುತ್ತಿಲ್ಲ ಎಂದು ಕೇಳಿದರೆ, ನಕ್ಷೆ ನೋಡದೆ ಹೇಳಲಾಗದು ಎಂದು ಜಾರಿಕೊಳ್ಳುತ್ತೇನೆ. ಅದೇ ಅವರು ಬೆನ್ನುನೋವು, ಮಗಳ ಮದುವೆ, ಗುಲಾಬಿ ಗಿಡಕ್ಕೆ ಹುಳ ಎಂದೇನಾದರೂ ಶುರು ಮಾಡಿದರೋ, ಕುರ್ಚಿ ಎಳೆದುಕೊಂಡು ಕೂತುಬಿಡುತ್ತೇನೆ. ಈ ಗುಣದಿಂದ ನಾನು ಕಳೆದುಕೊಂಡ ಸ್ನೇಹಿತರು ಹಲವರು. ಸಂಪಾದಿಸಿದ್ದು ಒಬ್ಬನನ್ನು. ಅವನ ಹೆಸರು ಲಾಸ್ಸೆ.

ಆಗ ನಾವು ಅಲ್ಲೇ ಹತ್ತಿರದ ಕ್ಯಾರಲ್ಟನ್‌ನಲ್ಲಿದ್ದೆವು. ಮಗಳು ಅನುಗೆ ಹತ್ತು ವರ್ಷ. ಬಡಾವಣೆಯ ಹುಡುಗಿಯರ ಫುಟ್‌ಬಾಲ್ ತಂಡದಲ್ಲಿ ಆಡುತ್ತಿದ್ದಳು. ತಂಡದ ಕೋಚ್ ಆಗಿದ್ದ ಒಬ್ಬ ತಾಯಿ ಬೇರೆ ಊರಿಗೆ ಶಿಫ್ಟ್ ಆದಾಗ, ಪೋಷಕರಲ್ಲಿ ಯಾರಾದರೂ ಬರುತ್ತೀರಾ ಎಂದು ಇಮೇಲ್ ಬಂತು. ನನ್ನ ಹೆಂಡತಿ ಸವಿತಾ ನನ್ನನ್ನು ಒಂದು ಮಾತೂ ಕೇಳದೆ ನನ್ನ ಹೆಸರು ಕೊಟ್ಟುಬಿಟ್ಟಳು. ಕೇಳಿದ್ದಕ್ಕೆ, “ಹೆಂಗಿದ್ರೂ ಸೋಫಾದ ಮ್ಯಾಲ ಕುಂತು ಕ್ರಿಕೆಟ್ ಆಡೋರಿಗೆಲ್ಲಾ ಬುದ್ಧಿ ಹೇಳ್ತೀರಿ. ಅದನ್ನ ಮೈದಾನದಾಗ ನಿಂತು ಹೇಳ್ರಿ, ಒಂದೀಟು ಗಾಳಿನಾದ್ರೂ ಬರ್ತದ” ಅಂದಳು. ಹುಬ್ಬಳ್ಳಿಯಲ್ಲಿ ಓದುವಾಗ ನಾನು ಒಮ್ಮೆ ಫುಟ್‌ಬಾಲ್ ಒದ್ದಿದ್ದೆ. ಅದು ಪ್ರಿನ್ಸಿಪಾಲರ ಸ್ಕೂಟರಿಗೆ ಬಡಿದು ಆಟ ಅಲ್ಲಿಗೇ ಮುಗಿದಿತ್ತು. ಲೈಬ್ರರಿಯಿಂದ ಎರಡು ಪುಸ್ತಕ ತಂದು ಓದಿದೆ. ಕೊರಳಿಗೆ ಸೀಟಿ ಹಾಕಿಕೊಂಡ ಮೇಲೆ ನನಗೇ ನನ್ನ ಮೇಲೆ ನಂಬಿಕೆ ಬಂತು.

ನಾವು ಆಡುವ ಪಾರ್ಕಿಗೆ ದಿನಾ ಸಂಜೆ ಒಬ್ಬ ಎತ್ತರದ ಮನುಷ್ಯ ಬರುತ್ತಿದ್ದ. ಒಣಹುಲ್ಲಿನ ಬಣ್ಣದ ಕೂದಲು. ಬಲಗಾಲನ್ನು ಸ್ವಲ್ಪ ಎಳೆದುಕೊಂಡು ಎರಡು ಸುತ್ತು ನಡೆದು ಬೆಂಚಿನ ಮೇಲೆ ಕೂರುತ್ತಿದ್ದ. ಒಂದು ದಿನ ಚೆಂಡು ಅವನತ್ತ ಉರುಳಿತು. ಅವನು ಕೂತಲ್ಲಿಂದಲೇ ಎಡಗಾಲಿನಿಂದ ಅದನ್ನು ತಡೆದು, ಮೆಲ್ಲಗೆ ಅನುವಿನ ಕಾಲ ಬಳಿಗೇ ಕಳಿಸಿದ. ನಾನು ಹತ್ತಿರ ಹೋಗಿ, “ಚೆನ್ನಾಗಿದೆ. ಆದರೆ ಪಾದದ ಒಳಭಾಗ ಇನ್ನೂ ಸ್ವಲ್ಪ ತಿರುಗಿಸಬೇಕು” ಎಂದೆ. ಹಿಂದಿನ ರಾತ್ರಿಯಷ್ಟೇ ಓದಿದ ಪಾಠ ಅದು. ಅವನು ತನ್ನ ಪಾದವನ್ನೊಮ್ಮೆ ನೋಡಿಕೊಂಡು, “ಥ್ಯಾಂಕ್ಯೂ, ಕೋಚ್” ಎಂದ. ಇಷ್ಟು ವಿನಯದ ಶಿಷ್ಯ ನನಗೆ ಜೀವನದಲ್ಲಿ ಸಿಕ್ಕಿರಲಿಲ್ಲ. ಮುಂದಿನ ಎರಡು ವಾರ ಅವನಿಗೆ ಪಾಸ್ ಕೊಡುವುದು, ಕಾರ್ನರ್ ಒದೆಯುವುದು ಎಲ್ಲ ಹೇಳಿಕೊಟ್ಟೆ. ಒಮ್ಮೆ ಏನು ಕೆಲಸ ಎಂದು ವಿಚಾರಿಸಿದೆ. “ಈಗ ಏನೂ ಇಲ್ಲ. ಮೊದಲು ಹುಲ್ಲಿನ ಮೇಲೆ ಕೆಲಸ ಮಾಡ್ತಿದ್ದೆ” ಎಂದ. ಲಾನ್ ನೋಡಿಕೊಳ್ಳುವವನು ಎಂದುಕೊಂಡು, ನಮ್ಮ ಮನೆ ಮುಂದಿನ ಹುಲ್ಲು ಯಾಕೆ ಹಳದಿಯಾಗುತ್ತಿದೆ ಎಂದು ಕೇಳಿದೆ. ಪಾಪ, ಅದಕ್ಕೂ ಯೋಚಿಸಿ, ನೀರು ಬೆಳಿಗ್ಗೆ ಬಿಡಿ ಎಂದ.

ಸತ್ಯ ಹೊರಬಿದ್ದದ್ದು ನಮ್ಮ ಗೋಲ್‌ಕೀಪರ್ ಹುಡುಗಿಯ ತಂದೆಯಿಂದ. ಮೆಕ್ಸಿಕೋ ಮೂಲದ ಆತ ಆ ದಿನ ಮಗಳನ್ನು ಬಿಡಲು ಬಂದವನು ಬೆಂಚಿನತ್ತ ನೋಡಿ ಟೋಪಿ ತೆಗೆದ. ಹೋಗಿ ಕೈ ಕುಲುಕಿದ, ಫೋಟೋ ತೆಗೆಸಿಕೊಂಡ. ಆಮೇಲೆ ನನ್ನ ಬಳಿ ಬಂದು, “ಇವರನ್ನ ಹೇಗೆ ಕರೆತಂದಿರಿ? ಡೆನ್ಮಾರ್ಕಿನವರು. ಇಲ್ಲಿ ಡಲ್ಲಾಸ್ ಟೀಮಿಗೆ ಎರಡು ವರ್ಷ ಲೆಫ್ಟ್ ಬ್ಯಾಕ್ ಆಡಿದಾರೆ. ಅದಕ್ಕೂ ಮೊದಲು ಯುರೋಪಿನಲ್ಲಿ ಹದಿಮೂರು ವರ್ಷ” ಎಂದ. ನನಗೆ ಆ ಕ್ಷಣ ಸೀಟಿಯನ್ನು ನುಂಗಿಬಿಡೋಣ ಎನಿಸಿತು. ಕಾರಿನಲ್ಲಿ ಅನು, “ಅಪ್ಪಾ, ಯು ಟಾಟ್ ಹಿಮ್ ಹೌ ಟು ಕಿಕ್!” ಎಂದು ದಾರಿಯುದ್ದಕ್ಕೂ ನಕ್ಕಳು. ಮನೆಗೆ ಬಂದು ಮೂರು ದಿನ ನಾನು ಪಾರ್ಕಿನ ಕಡೆ ತಲೆ ಹಾಕಲಿಲ್ಲ. ಸವಿತಾ ನಕ್ಕೂ ನಕ್ಕೂ ಕಣ್ಣೊರೆಸಿಕೊಂಡು, “ಹೋಗಿ ಕ್ಷಮಾ ಕೇಳ್ರಿ. ಹಂಗ ಊಟಕ್ಕ ಕರ್ಕೊಂಡ ಬರ್ರಿ. ಬಾಯಾಗ ರೊಟ್ಟಿ ಇದ್ರ ನೀವೂ ಸುಮ್ಮನಿರ್ತೀರಿ” ಎಂದಳು.

ಹೋಗಿ ಕ್ಷಮೆ ಕೇಳಿದೆ. ಅವನು ನಗಲಿಲ್ಲ. “ಕೋಚ್, ಆಪರೇಷನ್ ಆದಮೇಲೆ ಎಲ್ಲರೂ ನನ್ನ ಮಂಡಿಯ ಬಗ್ಗೆ ಮಾತ್ರ ಮಾತಾಡ್ತಾರೆ. ನೀವು ಒಬ್ಬರೇ ನನ್ನ ಆಟದ ಬಗ್ಗೆ ಮಾತಾಡಿದ್ದು” ಎಂದ. ಅವನು ಆಡಿದ್ದು ಇಂಗ್ಲಿಷಿನಲ್ಲಿ. ನನ್ನ ಮನಸ್ಸಿನಲ್ಲಿ ಅದು ಕನ್ನಡದಲ್ಲೇ ಉಳಿದಿದೆ.

ಆ ಭಾನುವಾರ ಅವನು ಊಟಕ್ಕೆ ಬಂದ. ಸವಿತಾ ಅವನ ಹೆಸರು ಕೇಳಿಸಿಕೊಂಡು, ಲಸ್ಸಿ ಬೇಕೆನ್ನುತ್ತಿದ್ದಾನೆಂದು ತಿಳಿದು ಮೊಸರು ಕಡೆಯಲು ಹೋದಳು. ಬಂದ ಲಸ್ಸಿಯನ್ನು ಅವನು ಬೇಡವೆನ್ನದೆ ಎರಡು ಲೋಟ ಕುಡಿದ. ಜೋಳದ ರೊಟ್ಟಿಯನ್ನು ತಿರುಗಿಸಿ ತಿರುಗಿಸಿ ನೋಡಿ, ತಮ್ಮೂರಿನ ರೈ ಎಂಬ ಧಾನ್ಯದ ರೊಟ್ಟಿಗೂ ಹೀಗೇ ಹಲ್ಲು ಗಟ್ಟಿ ಇರಬೇಕು ಎಂದ. ಅವನದು ಡೆನ್ಮಾರ್ಕಿನ ಉತ್ತರದ ಒಂದು ಸಣ್ಣ ಬಂದರಿನ ಊರು. ತಂದೆ ಬಸ್ ಓಡಿಸುತ್ತಿದ್ದರು. ಊರಿನ ಮೈದಾನ ಕಡಲಿನ ಪಕ್ಕದಲ್ಲೇ. ಗಾಳಿ ಎಷ್ಟೆಂದರೆ ಒದ್ದ ಚೆಂಡು ಒದ್ದವನ ಬಳಿಗೇ ವಾಪಸ್ ಬರುತ್ತಿತ್ತಂತೆ. ಹದಿನಾರಕ್ಕೆ ದೊಡ್ಡ ಕ್ಲಬ್ಬು ಸೇರಿದ. ವರ್ಷದೊಳಗೆ, ತೀರಾ ಸಣಕಲು ಎಂದು ಮನೆಗೆ ಕಳಿಸಿದರು. ಒಂದು ವರ್ಷ ಬೇಕರಿಯಲ್ಲಿ ಹಿಟ್ಟು ನಾದಿ ತೋಳು ಬೆಳೆಸಿಕೊಂಡು ಮತ್ತೆ ಅದೇ ಕ್ಲಬ್ಬಿನ ಬಾಗಿಲು ತಟ್ಟಿದ. ಹತ್ತೊಂಬತ್ತಕ್ಕೆ ಮೊದಲ ಪಂದ್ಯ. ಆಮೇಲೆ ಜರ್ಮನಿ. ದೇಶದ ತಂಡಕ್ಕೂ ಒಮ್ಮೆ ಕರೆ ಬಂತು. “ತೊಂಬತ್ತು ನಿಮಿಷ ಬೆಂಚಿನ ಮೇಲೆ ಕೂತಿದ್ದೆ. ಅಂಗಿಗೆ ಒಂದು ಚುಕ್ಕೆ ಮಣ್ಣೂ ಆಗಲಿಲ್ಲ. ಅಮ್ಮ ಅದನ್ನು ಕಟ್ಟು ಹಾಕಿಸಿ ಗೋಡೆಗೆ ಹಾಕಿದ್ದಾಳೆ” ಎಂದು ನಕ್ಕ.

ಡಲ್ಲಾಸಿನಲ್ಲಿ ಎರಡನೇ ವರ್ಷ ಪಂದ್ಯದ ನಡುವೆ ಯಾರೋ ಬಂದು ಡಿಕ್ಕಿ ಹೊಡೆದು ಮಂಡಿ ಹೋಯಿತು. ಕಾಂಟ್ರಾಕ್ಟ್ ಮುಗಿಯಿತು. ವಯಸ್ಸು ಮೂವತ್ತನಾಲ್ಕು. “ಊರಿಗೆ ಯಾಕ ಹೋಗವಲ್ಲಿ?” ಎಂದು ಸವಿತಾ ಕೇಳಿದ್ದನ್ನು ನಾನು ಇಂಗ್ಲಿಷಿಗೆ ದಾಟಿಸಿದೆ. “ಊರಲ್ಲಿ ಎಲ್ಲರೂ ನನ್ನನ್ನ ತುಂಬಾ ಚೆನ್ನಾಗಿ ನೋಡ್ಕೋತಾರೆ. ಅದಕ್ಕೇ ಭಯ. ಕಡೇ ಸಲ ನನ್ನನ್ನ ಮೈದಾನದಿಂದ ಸ್ಟ್ರೆಚರ್ ಮೇಲೆ ಹೊತ್ತುಕೊಂಡು ಹೋದರು. ಇನ್ನೊಂದೇ ಒಂದು ಸಲ ಆಡಿ, ನನ್ನ ಕಾಲ ಮೇಲೆ ನಡೆದು ಹೊರಗೆ ಬರಬೇಕು” ಎಂದ. ಸವಿತಾ ಅವನ ತಟ್ಟೆಗೆ ಇನ್ನೊಂದು ರೊಟ್ಟಿ ಹಾಕಿದಳು.

ಮರುದಿನದಿಂದ ಅವನು ನಮ್ಮ ಹುಡುಗಿಯರ ಜೊತೆ ಅಭ್ಯಾಸಕ್ಕಿಳಿದ. ನಾನು ಕೋಚ್ ಹುದ್ದೆಯಿಂದ ಕಿತ್ತಳೆ ಹಣ್ಣು ಸುಲಿಯುವ ಹುದ್ದೆಗೆ ಇಳಿದೆ. ಮೊದಲ ತಿಂಗಳು ಅವನು ಅವರ ಹಿಂದೆ ಓಡುತ್ತಿದ್ದ. “ಲಾಸ್ಸೆ ಅಂಕಲ್, ಯು ಆರ್ ಸೋ ಸ್ಲೋ!” ಎಂದು ಅನು ಕೂಗುವಳು. ಅವನು ಹಲ್ಲು ಕಚ್ಚಿಕೊಂಡು ಓಡುವನು. ಎರಡನೇ ತಿಂಗಳು ಪಕ್ಕದಲ್ಲಿ ಓಡಿದ. ಮೂರನೇ ತಿಂಗಳು ಹುಡುಗಿಯರೇ ಏದುಸಿರು ಬಿಡುತ್ತ ಅವನನ್ನು ಬೈಯತೊಡಗಿದರು. ನಮ್ಮ ತಂಡ ಆ ವರ್ಷ ಮೂರು ಪಂದ್ಯ ಗೆದ್ದಿತು. ನನ್ನ ಮಾರ್ಗದರ್ಶನದಲ್ಲಿ ಒಂದೂ ಗೆದ್ದಿರಲಿಲ್ಲ ಎಂಬುದನ್ನು ಇಲ್ಲಿ ಹೇಳಲೇಬೇಕೆಂದೇನೂ ಇಲ್ಲ.

ಹ್ಯೂಸ್ಟನ್ನಿನ ಒಂದು ಕ್ಲಬ್ಬಿನಿಂದ ಲಾಸ್ಸೆಗೆ ಆಯ್ಕೆಯ ಟ್ರಯಲ್‌ಗೆ ಕರೆ ಬಂತು. ನಾನೇ ಡ್ರೈವ್ ಮಾಡಿಕೊಂಡು ಹೋದೆ. ಹ್ಯೂಸ್ಟನ್ನಿನ ಪಕ್ಕದ ಮಿಸೌರಿ ಸಿಟಿಯಲ್ಲಿರುವ ಸವಿತಾಳ ಅಕ್ಕನ ಮನೆಯಲ್ಲಿ ಉಳಿದು ಬೆಳಿಗ್ಗೆ ಮೈದಾನಕ್ಕೆ ಹೋದೆವು. ಎರಡು ಗಂಟೆಯಾದ ಮೇಲೆ ಅಲ್ಲಿನ ಕೋಚ್ ಅವನ ಹೆಗಲ ಮೇಲೆ ಕೈಯಿಟ್ಟು ಏನೋ ಹೇಳಿದ. ಆ ಕೈ ನೋಡಿಯೇ ನನಗೆ ಅರ್ಥವಾಯಿತು. ವಾಪಸ್ ಬರುವಾಗ ದಾರಿಯುದ್ದಕ್ಕೂ ನಾನು ಬಾಯಿ ಬಿಡಲಿಲ್ಲ. ಮದುವೆಯಾದಂದಿನಿಂದ ಅಷ್ಟು ದೀರ್ಘ ಮೌನವನ್ನು ನಾನು ಆಚರಿಸಿದ್ದೇ ಇಲ್ಲ. ಅವನೇ ಕಡೆಗೆ, “ಆ ಕೋಚ್ ಹೇಳಿದ್ದು ಸರಿ. ಅವನ ಜಾಗದಲ್ಲಿ ನಾನಿದ್ದಿದ್ರೂ ಅದನ್ನೇ ಹೇಳ್ತಿದ್ದೆ” ಎಂದ. ಮನೆ ತಲುಪಿದಾಗ ಅನು ಬಾಗಿಲಲ್ಲೇ ಕಾದಿದ್ದಳು. ವಿಷಯ ಕೇಳಿ ಹುಬ್ಬು ಗಂಟಿಕ್ಕಿ, “ಸೋ? ಟೆಕ್ಸಾಸ್‌ನಲ್ಲಿ ಒಂದೇ ಟೀಮಾ?” ಎಂದಳು. ಅವಳು ಒಂದು ಇಡೀ ಕನ್ನಡ ವಾಕ್ಯ ಆಡಿ ಆರು ತಿಂಗಳಾಗಿತ್ತು. ಲಾಸ್ಸೆಗೆ ಅದರ ಅರ್ಥ ಹೇಳಿದೆ. ಅವನು ಜೋರಾಗಿ ನಕ್ಕು, ಅಲ್ಲೇ ಮೆಟ್ಟಿಲ ಮೇಲೆ ಕೂತು ಆಸ್ಟಿನ್ನಿನಲ್ಲಿದ್ದ ಒಬ್ಬ ಹಳೆಯ ಜೊತೆಗಾರನಿಗೆ ಫೋನ್ ಮಾಡಿದ.

ಆಸ್ಟಿನ್ನಿನದು ಸಣ್ಣ ಕ್ಲಬ್ಬು. ಎಳೆಯ ಆಟಗಾರರಿಗೆ ಹೇಳಿಕೊಡುವ ಒಬ್ಬ ಅನುಭವಿ ಬೇಕಾಗಿತ್ತು. ಕಾಲು ಒಪ್ಪಿದಷ್ಟು ಆಡಬಹುದು ಎಂದರು. ಬೇಸಿಗೆಯಲ್ಲಿ ಅವರ ಊರಲ್ಲೇ ಪಂದ್ಯವಿದ್ದ ದಿನ ನಾವು ಮೂರು ವ್ಯಾನು ಮಾಡಿಕೊಂಡು ಇಡೀ ಹುಡುಗಿಯರ ತಂಡದೊಂದಿಗೆ ಹೋದೆವು. ಲಾಸ್ಸೆ ಬೇಲಿಯ ಬಳಿ ಬಂದು ತನ್ನ ಫೋನನ್ನು ನನ್ನ ಕೈಗಿಟ್ಟ. “ನನ್ನನ್ನ ಮೈದಾನಕ್ಕೆ ಇಳಿಸಿದರೆ ವಿಡಿಯೋ ಮಾಡಿ. ಅಮ್ಮನಿಗೆ ಕಳಿಸಬೇಕು” ಎಂದ. ಎಂಬತ್ತು ನಿಮಿಷ ಅವನು ಬೆಂಚಿನ ಮೇಲೇ ಇದ್ದ. ಸವಿತಾ, “ಈ ಸಲಾನೂ ಅಂಗಿ ಹೊಲಸಾಗಂಗಿಲ್ಲೇನ್ರೀ?” ಎಂದು ನನ್ನ ತೋಳು ಹಿಡಿದಳು. ಅಷ್ಟರಲ್ಲಿ ಅವನು ಎದ್ದು ನಿಂತ.

ಅವನು ಮುಟ್ಟಿದ ಮೊದಲ ಚೆಂಡೇ ಗೆರೆಯಾಚೆ ಹೋಯಿತು. ಎರಡನೆಯದನ್ನು ಎಡಗಾಲಿನಿಂದ ಮೈದಾನದ ಆ ತುದಿಗೆ ಎಷ್ಟು ನೇರ ಕಳಿಸಿದನೆಂದರೆ, ಮುಂದೆ ಬೇಲಿಗೆ ಅಂಟಿಕೊಂಡು ಕೂತಿದ್ದ ಮುದುಕನೊಬ್ಬ ಎದ್ದು ಚಪ್ಪಾಳೆ ತಟ್ಟಿದ. ಆಮೇಲೆ ಒಬ್ಬ ಗಟ್ಟಿ ಆಳು ಎದುರಿಂದ ನುಗ್ಗಿ ಬಂದ. ಇಬ್ಬರೂ ಬಿದ್ದರು. ಎದುರಾಳಿ ಎದ್ದ, ಲಾಸ್ಸೆ ಏಳಲಿಲ್ಲ. ನಮ್ಮ ಹನ್ನೆರಡು ಹುಡುಗಿಯರೂ ಬೇಲಿ ಹಿಡಿದು ನಿಂತರು. ಸ್ಟ್ರೆಚರ್ ಹಿಡಿದವರು ಗೆರೆಯ ತನಕ ಓಡಿ ಬಂದರು. ಅವನು ಮಲಗಿದ್ದಲ್ಲಿಂದಲೇ ಅವರಿಗೆ ಬೇಡವೆಂದು ಕೈಯಾಡಿಸಿ, ಮಂಡಿಯೂರಿ, ಎದ್ದ. ತಂಡ ಸೋತಿತು. ಕೊನೆಯ ಸೀಟಿ ಆದಾಗ ಉಳಿದವರೆಲ್ಲ ತಲೆ ತಗ್ಗಿಸಿ ಬೇಗ ಬೇಗ ಹೊರಟುಹೋದರು. ಅವನೊಬ್ಬ ಮಾತ್ರ ಅಂಗಿಯ ತುಂಬಾ ಹಸಿರು ಕಲೆ ಮಾಡಿಕೊಂಡು, ಮದುವೆ ಮೆರವಣಿಗೆಯಲ್ಲಿ ಬರುವವನಂತೆ, ಹೆಜ್ಜೆ ಹೆಜ್ಜೆಯೂ ನಿಧಾನವಾಗಿ ನಡೆದು ಬಂದ.

ಆಮೇಲೆ ಅವನು ಆಟ ನಿಲ್ಲಿಸಿ ಆಸ್ಟಿನ್ನಿನಲ್ಲೇ ಉಳಿದು ಹುಡುಗಿಯರಿಗೆ ಫುಟ್‌ಬಾಲ್ ಕಲಿಸುವ ಕೆಲಸ ಹಿಡಿದ. ಈಗಲೂ ಕಲಿಸುತ್ತಿದ್ದಾನೆ. ಆದರೆ ಅವತ್ತು ಪಂದ್ಯ ಮುಗಿಸಿ ಊಟಕ್ಕೆ ಕೂತಾಗ ಅವನು ಖುಷಿಯಿಂದ ವಿಡಿಯೋ ತೆರೆದನಲ್ಲ, ಅದನ್ನು ಹೇಳಿ ಮುಗಿಸುತ್ತೇನೆ. ಆ ಬಿಸಿಲಿಗೆ ಫೋನಿನ ಪರದೆ ನನಗೆ ಕಾಣುತ್ತಿರಲಿಲ್ಲ. ಕ್ಯಾಮೆರಾ ನನ್ನ ಕಡೆಗೇ ತಿರುಗಿತ್ತು. ಹತ್ತು ನಿಮಿಷ ಪೂರ್ತಿ ನನ್ನ ಮುಖ. ನಾನು ಕೂಗುವುದು, ಬಾಯಿ ಕಳೆಯುವುದು, ಕಣ್ಣು ಮುಚ್ಚಿಕೊಂಡು ಏನೋ ಗೊಣಗುವುದು, ಕಡೆಗೆ ಮೂಗು ಸೊರ ಸೊರ ಎನ್ನುತ್ತ ಅಳುವುದು. ನಾನು ಬೇಡ ಬೇಡವೆಂದರೂ ಲಾಸ್ಸೆ ಅದನ್ನೇ ಅಮ್ಮನಿಗೆ ಕಳಿಸಿದ. ಮಾರನೇ ದಿನ ಆಕೆಯ ಉತ್ತರ ಬಂತಂತೆ: “ನೀನು ಬಿದ್ದದ್ದೂ ತಿಳಿಯಿತು, ಎದ್ದದ್ದೂ ತಿಳಿಯಿತು. ಎಲ್ಲ ಸ್ಪಷ್ಟವಾಗಿದೆ.” ಅಂದಿನಿಂದ ಆ ಬಂದರಿನ ಊರಿನಲ್ಲಿ, ಮನೆಗೆ ಬಂದವರಿಗೆಲ್ಲ ಕಾಫಿ ಕೊಟ್ಟು, ಆ ತಾಯಿ ತನ್ನ ಮಗನ ಕೊನೆಯ ಪಂದ್ಯವೆಂದು ನನ್ನ ಬಾಯಿಯೊಳಗಿನ ಎರಡು ಹುಳುಕು ಹಲ್ಲುಗಳನ್ನು ತೋರಿಸುತ್ತಿದ್ದಾಳೆ.