ಬುಬುಲ್ಕುಸ್ ಕವಿಯ ನಲವತ್ತೇಳನೆಯ ಸಾಲಿನ ಮಹಾಸಮರ

ಎಲೈ ವಾಗ್ದೇವಿಯೇ, ಸಕಲಭಾಷಾಸಾಗರತರಂಗಗಳ ಮೇಲೆ ಹಂಸದಂತೆ ತೇಲುವವಳೇ, ನಿನಗೆ ಲ್ಯಾಟಿನ್ ಬರುವುದೋ ಇಲ್ಲವೋ ನಾನರಿಯೆ. ಬಾರದಿದ್ದರೂ ಚಿಂತೆಯಿಲ್ಲ, ಈ ಕಥೆ ಹೇಳುವವನಿಗೂ ಬಾರದು. ಆದರೂ ಒಂದು ಗಳಿಗೆ ನನ್ನ ನಾಲಗೆಯ ತುದಿಯಲ್ಲಿ ಕುಳಿತು, ಮಂಗಳೂರಿನ ಗುಡ್ಡವೊಂದರ ನೆತ್ತಿಯ, ಪಾದ್ರಿಗಳನ್ನು ತಯಾರಿಸುವ ಸೆಮಿನರಿಯಲ್ಲಿ, ಎರಡನೆಯ ಮಹಡಿಯ ಗ್ರಂಥಾಲಯದಲ್ಲಿ, ಒಂದು ಅಕ್ಷರದ ನಿಮಿತ್ತ ಇಬ್ಬರು ಮಹಾರಥರು ಕಾದಾಡಿದ ವೃತ್ತಾಂತವನ್ನು ನುಡಿಸು.

ಅದು ಘೋರವಾದ ಕಾಲ. ಕವಿ ಆಡು ಎಂದರೆ ಆಡೇ, ಪ್ರಿಯೆ ಎಂದರೆ ಪ್ರಿಯೆಯೇ ಎಂದು ಲೋಕ ನಂಬಿದ್ದ ಮುಗ್ಧಯುಗವು ಮುಗಿದು, ಅಡಿಟಿಪ್ಪಣಿಗಳು ಕಾವ್ಯಕ್ಕಿಂತ ಎತ್ತರವಾಗಿ ಬೆಳೆದು ಪುಟವನ್ನೇ ನುಂಗುತ್ತಿದ್ದ ಯುಗ.

ಅಂಥ ಯುಗದಲ್ಲಿ ಲ್ಯಾಟಿನ್‌ವ್ಯಾಕರಣಾರಣ್ಯಸಂಚಾರಪಂಚಾನನನೂ, ವಿಭಕ್ತಿಪ್ರತ್ಯಯಗಜಘಟಾವಿದಾರಣನೂ, ಸಕ್ಕರೆ ಕಾಯಿಲೆಯವನೂ ಆದ ಫಾದರ್ ಎವುಜಿನ್ ಮಸ್ಕರೇನ್ಹಸ್ ಎಂಬ ವೃದ್ಧವೀರನಿದ್ದನು. ಅವನಿಗೆ ವಯಸ್ಸು ಎಪ್ಪತ್ತೆಂಟು. ಅವನೆದುರು, ಛಂದಃಶಾಸ್ತ್ರಸಮುದ್ರಮಥನಮಂದರನೂ, ಅಪಪಾಠಕಂಟಕನಿರ್ಮೂಲನಧುರಂಧರನೂ, ಎಡಗಿವಿ ಮಂದವಾದವನೂ ಆದ ಅನಂತಪದ್ಮನಾಭ ಕಡಂಬಳಿತ್ತಾಯನಿದ್ದನು. ಇವನಿಗೆ ಎಪ್ಪತ್ನಾಲ್ಕು. ಕಾಲೇಜಿನಲ್ಲಿ ಸಂಸ್ಕೃತ ಕಲಿಸುತ್ತಿದ್ದ ಈ ಮಾಷ್ಟ್ರು ಒಮ್ಮೆ ಏಪ್ರಿಲ್ ತಿಂಗಳ ಸೆಕೆ ತಾಳಲಾರದೆ ಸೆಮಿನರಿಯ ಗ್ರಂಥಾಲಯದ ಫ್ಯಾನಿನ ಕೆಳಗೆ ಬಂದು ಕುಳಿತನು. ಎದುರಿನ ಕುರ್ಚಿಯ ಪಾದ್ರಿ ಅವನಿಗೆ ಲ್ಯಾಟಿನ್ ಕಲಿಸಿದನು. ಪ್ರತಿಯಾಗಿ ಇವನು ಪಾದ್ರಿಗೆ ಹಳಗನ್ನಡದ ಛಂದಸ್ಸು ಕಲಿಸಿದನು. ಹೀಗೆ ಇಪ್ಪತ್ತೆರಡು ವರ್ಷ ಸಂದವು.

ಆ ಇಪ್ಪತ್ತೆರಡು ವರ್ಷಗಳಲ್ಲಿ ಇಬ್ಬರೂ ಕೂಡಿ ಪುರಾತನ ರೋಮಿನ ಬುಬುಲ್ಕುಸ್ ಎಂಬ ಕವಿಯನ್ನು ಕನ್ನಡಕ್ಕೆ ತಂದರು. ಬುಬುಲ್ಕುಸನು ಯೌವನದಲ್ಲಿ ಕುರುಬರ ಮೇಲೆ ಒಂಬತ್ತು ಹಾಡುಗಳನ್ನೂ, ಮುದಿತನದಲ್ಲಿ ವೀರರ ಮೇಲೆ ಹನ್ನೆರಡು ಕಾಂಡಗಳ ಮಹಾಕಾವ್ಯವನ್ನೂ ಬರೆದು, ಎರಡರಿಂದಲೂ ಪ್ರಸಿದ್ಧನಾಗದೆ ಸತ್ತವನು. ಅವನ ಎಲ್ಲ ಸಾಲುಗಳೂ ಕನ್ನಡವಾದವು, ಒಂದರ ಹೊರತು. ನಾಲ್ಕನೆಯ ಕುರುಬಗೀತೆಯ ನಲವತ್ತೇಳನೆಯ ಸಾಲು:

"ಸಂಜೆ ಹೊಸ್ತಿಲಲ್ಲಿ ನಿಂತು, ಎಲೆ ಜಗಿಯುತ್ತ, ನನ್ನ ದಾರಿ ಕಾಯುವ ______."

ಯಾರು? ಸೆಮಿನರಿಯಲ್ಲಿದ್ದ ಏಕೈಕ ಹಳೆಯ ಮುದ್ರಣದಲ್ಲಿ ಆ ಜಾಗಕ್ಕೆ ಸರಿಯಾಗಿ ಪುಸ್ತಕದ ಹುಳುವೊಂದು ಸಾಸಿವೆಯಷ್ಟು ತೂತು ಕೊರೆದಿತ್ತು. ತೂತಿನ ಜಾಗದಲ್ಲಿ ಪಕಾರವಿತ್ತೆಂದರೆ ಆ ಪದ 'ಕಪ್ರ' (capra), ಅಂದರೆ ಹೆಣ್ಣಾಡು. ಏನೂ ಇರಲಿಲ್ಲವೆಂದರೆ 'ಕಾರ' (cara), ಅಂದರೆ ಪ್ರಿಯೆ. ಪಾದ್ರಿ ಆಡಿನ ಪಕ್ಷ. ಮಾಷ್ಟ್ರು ಪ್ರಿಯೆಯ ಪಕ್ಷ. "ಅದನ್ನು ಕೊನೆಗೆ ನೋಡುವ" ಎಂದು ಇಬ್ಬರೂ ಹನ್ನೊಂದು ವರ್ಷ ಆ ಜಾಗವನ್ನು ಖಾಲಿ ಬಿಟ್ಟಿದ್ದರು. ಈಗ ಪುಸ್ತಕ ಅಚ್ಚಿಗೆ ಹೋಗುವ ದಿನ ಬಂದಿತು. ಕೊನೆಯ ತಿದ್ದುಪಡಿ ಏನಾದರೂ ಇದ್ದರೆ ಮಧ್ಯಾಹ್ನ ಒಂದು ಗಂಟೆಯೊಳಗೆ ತಿಳಿಸಬೇಕೆಂದು ಪ್ರೆಸ್ಸಿನಿಂದ ಫೋನು ಬಂದಿತು. ಕೊನೆಯೆಂಬುದು ಬಂದೇಬಿಟ್ಟಿತು.

ಬೆಳಗ್ಗೆ ಒಂಬತ್ತಕ್ಕೆ ಇಬ್ಬರೂ ಕಣಕ್ಕಿಳಿದರು. ಪಾದ್ರಿಯು ತನ್ನ ಬಿಳಿ ನಿಲುವಂಗಿಯ ತೋಳನ್ನು ಮೊಣಕೈಯವರೆಗೆ ಮಡಚಿ, ಭೂತಕನ್ನಡಿಯನ್ನು ಗದೆಯಂತೆ ಹೆಗಲಿಗೇರಿಸಿ ಗರ್ಜಿಸಿದನು:

"ಎಲವೋ ಪಾಠಾಂತರಲಂಪಟ! ಐವತ್ತು ವರ್ಷ ಈ ಕಣ್ಣುಗಳು ಲ್ಯಾಟಿನ್ ಅಕ್ಷರಗಳನ್ನಲ್ಲದೆ ಬೇರೇನನ್ನೂ ದಿಟ್ಟಿಸಲಿಲ್ಲ. ಕುರುಬರ ಹಾಡಿನಲ್ಲಿ ಆಡು ಇರದೆ ಮತ್ತೇನು ಆನೆ ಇದ್ದೀತೇ? ಎಲೆ ಜಗಿಯುವುದು ಯಾರು? ಆಡು! ಈ ಸತ್ಯವನ್ನು ಅಲುಗಿಸಬಲ್ಲ ಗಂಡು ಮೂರು ಲೋಕದಲ್ಲಿ... ಎಂತ ಮಾರಾಯ್ರೇ, ಕೇಳ್ತಾ ಉಂಟಾ ನಿಮಗೆ?"

"ಬಲಗಿವಿಯ ಹತ್ರ ಹೇಳಿ," ಎಂದು ಮಾಷ್ಟ್ರು ಕುರ್ಚಿ ತಿರುಗಿಸಿಕೊಂಡು, ಕೇಳಿಸಿಕೊಂಡು, ಎದ್ದು ನಿಂತು, ಕೊಡೆಯನ್ನು ನೆಲಕ್ಕೆ ಕುಟ್ಟಿ ಪ್ರತಿಗರ್ಜಿಸಿದನು:

"ಎಲೈ ಅಜಪಕ್ಷಪಾತಿಯೇ! ಛಂದಸ್ಸು ಬಲ್ಲವನ ಮುಂದೆ ಕುರುಡು ಕಣ್ಣಿನ ಪ್ರತಾಪವೇ? ನೀನು ಹೇಳುವ ಪದದ ಒತ್ತಕ್ಷರ ಶಿಥಿಲದ್ವಿತ್ವ. ಅದನ್ನು ತೇಲಿಸಿಯೇ ನುಡಿಯಬೇಕು. ತೇಲಿಸಿದರೆ ಹಿಂದಿನ ಅಕ್ಷರ ಲಘು. ಗುರು ಇರಬೇಕಾದಲ್ಲಿ ಲಘು ಬಂದರೆ ಸಾಲು ಕುಂಟುತ್ತದೆ. ಬುಬುಲ್ಕುಸನ ಸಾಲು ಕುಂಟುವುದನ್ನು ಈ ಕಡಂಬಳಿತ್ತಾಯ ಬದುಕಿರುವವರೆಗೆ ಲೋಕ ಕಾಣದು!"

"ಕುಂಟುದಿಲ್ಲ! ಲ್ಯಾಟಿನಿನಲ್ಲಿ ಬೇಕಾದ್ರೆ ತೇಲಿಸ್ಬಹುದು, ಬೇಕಾದ್ರೆ ಒತ್ತಬಹುದು. ಅದು ಕವಿಯ ಇಷ್ಟ."

"ಕವಿ ಇಷ್ಟಪಟ್ಟದ್ದು ನಿಮಗೆ ಹೇಗೆ ಗೊತ್ತು? ನಿಮಗೆ ಫೋನ್ ಮಾಡಿದ್ನಾ?"

ಆಗ ಯುದ್ಧವು ತೂತಿನ ಕಡೆಗೆ ಹರಿಯಿತು. ಅಡಿಕೋಲು ಬಂದಿತು. ತೂತಿನ ಅಗಲ ಅಳೆಯಲ್ಪಟ್ಟಿತು. ಎರಡು ಮಿಲಿಮೀಟರಿಗೆ ಕೊಂಚ ಕಡಿಮೆ. ಅಷ್ಟರಲ್ಲಿ ಪಕಾರವೊಂದು ವಾಸಿಸಬಲ್ಲುದೆಂದು ಪಾದ್ರಿ ಸಾರಿದನು. ವಾಸಿಸಿದ್ದರೆ p ಅಕ್ಷರದ ಬಾಲ ತೂತಿನ ಕೆಳಗೆ ಇಣುಕಬೇಕಿತ್ತು, ಬಾಲ ಎಲ್ಲಿ ಎಂದು ಮಾಷ್ಟ್ರು ಕೇಳಿದನು.

"ಹುಳು ಬಾಲದಿಂದಲೇ ತಿನ್ಲಿಕ್ಕೆ ಶುರು ಮಾಡುದು," ಎಂದನು ಪಾದ್ರಿ, ವೇದವಾಕ್ಯವನ್ನು ನುಡಿಯುವವನಂತೆ.

ಈ ನಿರ್ಲಜ್ಜ ಯುಕ್ತಿಯಿಂದ ಕೆರಳಿದ ಛಂದಃಶಾಸ್ತ್ರಮಂದರನು ಬತ್ತಳಿಕೆಯ ಮಹಾಸ್ತ್ರವನ್ನು ಹೊರತೆಗೆದನು. "ಮಹಾಕಾವ್ಯದ ಮೂರನೇ ಕಾಂಡ ನೋಡಿ ಫಾದರ್! ವೀರ ಹಡಗು ಹತ್ತಿ ಹೋಗ್ತಾನೆ. ರಾಣಿ ಹೊಸ್ತಿಲಲ್ಲಿ ನಿಂತು ಅವನ ದಾರಿ ಕಾಯ್ತಾಳೆ. ಅದೇ ಸಾಲು, ಅದೇ ಮಾತು. ಅಲ್ಲಿ ಹುಳು ತಿನ್ಲಿಲ್ಲ. ಅಲ್ಲಿ ಪ್ರಿಯೆ ಅಂತ ಸ್ಪಷ್ಟ ಉಂಟು. ಒಂದೇ ಕವಿ ಒಂದೇ ಸಾಲನ್ನು ಒಮ್ಮೆ ಆಡಿಗೆ, ಒಮ್ಮೆ ರಾಣಿಗೆ ಬರೀತಾನಾ?"

ಅಸ್ತ್ರವು ಎದೆಗೆ ತಾಗಿತು. ಆದರೆ ಮರುಕ್ಷಣವೇ ಪಾದ್ರಿ ಗಾಯಗೊಂಡ ಸಿಂಹದಂತೆ ಎದ್ದನು. "ಬರೀತಾನೆ! ಯಾಕೆ ಬರೀಬಾರ್ದು? ಮೊದಲು ಬರೆದದ್ದು ಕುರುಬನ ಹಾಡು. ಆಮೇಲೆ ಮಹಾಕಾವ್ಯ. ಅವನಿಗೆ ರಾಣಿಯ ದುಃಖ ಬರೆಯಬೇಕಾದಾಗ ನೆನಪಾದದ್ದು ಎಂತ? ಆಡು! ಆ ಆಡಿನಿಂದ ರಾಣಿ ಹುಟ್ಟಿದ್ದು, ರಾಣಿಯಿಂದ ಆಡು ಅಲ್ಲ. ತೋರಿಸ್ತೇನೆ, ನಿಲ್ಲಿ!"

ಹೀಗೆಂದು ಅವನು ಕಪಾಟಿನ ಮೇಲಿನ ಹಲಗೆಯಿಂದ ಎರಡು ಸಾವಿರ ಪುಟಗಳ, ತೊಗಲುಹೊದಿಕೆಯ, ನಾಲ್ಕು ಕಿಲೋ ತೂಕದ ನಿಘಂಟನ್ನು ಎರಡೂ ಕೈಗಳಿಂದ ಸೆಳೆದನು. ಮಂದರಪರ್ವತ ಕೈಜಾರಿದಾಗ ದೇವತೆಗಳು ಹಾಹಾಕಾರ ಮಾಡಿದರಂತೆ. ಇಲ್ಲಿ ಹಾಹಾಕಾರ ಮಾಡಿದವನು ಪಾದ್ರಿಯೊಬ್ಬನೇ. ಯಾಕೆಂದರೆ ಪರ್ವತವು ಅವನ ಎಡಗಾಲಿನ ಹೆಬ್ಬೆರಳ ಮೇಲೆ ಕುಳಿತಿತ್ತು.

"ಅಯ್ಯೋ ದೇವಾ!"

ಮಾಷ್ಟ್ರು ಕೊಡೆಯೆಸೆದು ಓಡಿಬಂದನು. ಶತ್ರುವನ್ನು ಕುರ್ಚಿಗೆ ಕೂರಿಸಿ, ಚಪ್ಪಲಿ ತೆಗೆಸಿ, ಅವನ ಪಾದವನ್ನು ತನ್ನ ತೊಡೆಯ ಮೇಲಿಟ್ಟು, ಕುಡಿಯುವ ನೀರಿನಲ್ಲಿ ಕರವಸ್ತ್ರ ನೆನೆಸಿ ಹೆಬ್ಬೆರಳಿಗೆ ಸುತ್ತಿದನು. ಉಗುರು ನೇರಳೆಯ ಹಣ್ಣಾಗಿತ್ತು.

"ಒಂದು ಆಡಿಗೆ ಇಷ್ಟು ಯಾಕೆ ಫಾದರ್?" ಎಂದು ಮಾಷ್ಟ್ರು ಮೆಲ್ಲಗೆ ಕೇಳಿದನು.

ಪಾದ್ರಿ ಕಿಟಕಿಯತ್ತ ನೋಡುತ್ತ ಹೇಳಿದನು. "ನನ್ನ ಅಮ್ಮ ಹೋಗುವಾಗ ನನಗೆ ಎಂಟು ವರ್ಷ. ಅಪ್ಪ ಹಂಚಿನ ಕಾರ್ಖಾನೆಯಿಂದ ಬರುವಾಗ ಕತ್ತಲಾಗ್ತಿತ್ತು. ಶಾಲೆ ಬಿಟ್ಟು ಬಂದ್ರೆ ಮನೆಯಲ್ಲಿ ಯಾರೂ ಇಲ್ಲ. ರೋಜಿ ಅಂತ ಒಂದು ಆಡು ಇತ್ತು. ಹಲಸಿನ ಎಲೆ ತಿನ್ತಾ ಮೆಟ್ಟಿಲಲ್ಲಿ ನಿಂತಿರ್ತಿತ್ತು. ನನ್ನನ್ನು ಕಂಡ ಕೂಡ್ಲೇ ಒಮ್ಮೆ ಕೂಗ್ತಿತ್ತು. ಆ ಸಾಲು ಮೊದಲ ಸರ್ತಿ ಓದಿದಾಗ ನನಗೆ ತೂತು ಕಾಣಲೇ ಇಲ್ಲ ಮಾಷ್ಟ್ರೇ. ರೋಜಿಯೇ ಕಂಡದ್ದು."

ಮಾಷ್ಟ್ರು ಕರವಸ್ತ್ರವನ್ನು ಬಿಚ್ಚಿ, ಮತ್ತೆ ನೆನೆಸಿ, ಮತ್ತೆ ಕಟ್ಟಿದನು.

"ನಮ್ಮ ಸತ್ಯಭಾಮೆ ವೀಳ್ಯ ಹಾಕ್ತಿದ್ಲು, ನಿಮಗೆ ಗೊತ್ತುಂಟಲ್ಲ. ನಾನು ಇಲ್ಲಿಂದ ಆರೂವರೆ ಬಸ್ಸಿಗೆ ಹೋಗುವಾಗ ಬಾಗಿಲಲ್ಲೇ ಇರ್ತಿದ್ಲು. ಬಾಯಲ್ಲಿ ಎಲೆ. ಮಾತಾಡ್ಲಿಕ್ಕೆ ಆಗುದಿಲ್ಲ, ಕೈಯಲ್ಲೇ ಕೇಳುದು, ಇಷ್ಟು ಹೊತ್ತು ಎಂತ ಮಾಡಿದ್ರಿ ಅಂತ. ಅವಳು ಹೋಗಿ ಮೂರು ವರ್ಷ. ಈಗ ನಾನೇ ಬೀಗ ತೆಗೀಬೇಕು."

ಹೀಗೆ ಈ ಕಡೆ ರೋಜಿಯೂ ಆ ಕಡೆ ಸತ್ಯಭಾಮೆಯೂ ನಿಂತರು. ಶಿಥಿಲದ್ವಿತ್ವವೂ ಅಡಿಕೋಲೂ ಮೂರನೆಯ ಕಾಂಡವೂ ಸುಮ್ಮನಾದವು. ಹನ್ನೆರಡೂ ಕಾಲು ಹೊಡೆಯಿತು.

"ಪ್ರೆಸ್ಸಿಗೆ ಹೋಗುವ," ಎಂದನು ಪಾದ್ರಿ.

ರಥವಾಗಿ ಆಟೋರಿಕ್ಷಾ ಬಂದಿತು. ಕುಂಟುವ ವೀರನನ್ನು ಮಂದಗಿವಿಯ ವೀರನು ಹತ್ತಿಸಿಕೊಂಡನು. ಪ್ರೆಸ್ಸಿನ ಒಳಗೆ, ಕಂಪ್ಯೂಟರಿನ ಮುಂದೆ ಕುಳಿತಿದ್ದ ವಾರಿಜಕ್ಕನನ್ನು ಕಂಡೊಡನೆ ಇಬ್ಬರೂ ಒಟ್ಟಿಗೇ ಕೂಗಿದರು.

"ಪ್ರಿಯೆ ಅಂತ ಹಾಕಿ!" ಎಂದವನು ಪಾದ್ರಿ.

"ಆಡು ಅಂತ ಹಾಕಿ!" ಎಂದವನು ಮಾಷ್ಟ್ರು.

ಇಬ್ಬರೂ ತಿರುಗಿ ಒಬ್ಬರನ್ನೊಬ್ಬರು ನೋಡಿದರು.

"ನಿಮ್ಮದೆಂತ ಮಾರಾಯ್ರೇ ಈಗ? ಛಂದಸ್ಸು ಕುಂಟುದಿಲ್ವಾ?"

"ಕುಂಟಲಿ! ನೀವು ಕುಂಟ್ತಾ ಇಲ್ವಾ? ರೋಜಿ ಬರಲಿ."

"ಸಾಧ್ಯವೇ ಇಲ್ಲ. ಸತ್ಯಭಾಮಮ್ಮನೇ ಇರ್ಬೇಕು. ಮೂರನೇ ಕಾಂಡ ಸಾಕ್ಷಿ ಉಂಟು."

ಪ್ರಳಯಾಂತಕವಾದ ಎರಡನೆಯ ಯುದ್ಧವು ಹೀಗೆ ಧ್ವಜಗಳನ್ನು ಅದಲುಬದಲು ಮಾಡಿಕೊಂಡು ಆರಂಭವಾಯಿತು. ಹುಳುವಿನ ಬಾಲಭಕ್ಷಣಸಿದ್ಧಾಂತವನ್ನು ಈಗ ಮಾಷ್ಟ್ರು ಮಂಡಿಸಿದನು, ಪಾದ್ರಿ ಖಂಡಿಸಿದನು. ಈ ನಡುವೆ ವಾರಿಜಕ್ಕ ಪುಟಗಳನ್ನು ಮೇಲೆ ಕೆಳಗೆ ಸರಿಸುತ್ತಿದ್ದಳು. ಅನಂತರ ತಲೆಯೆತ್ತಿ ಕೇಳಿದಳು.

"ಸಾರ್, ಯಾವ ಸಾಲು? ಇಲ್ಲಿ ಅಂಥ ಸಾಲೇ ಇಲ್ಲ."

ಇಬ್ಬರೂ ಒಟ್ಟಿಗೇ ಅವಳತ್ತ ತಿರುಗಿದರು.

"ಇಲ್ಲವಾ?"

"ನಲವತ್ತಾರು ಉಂಟು. ಅದರ ಕೆಳಗೆ ನಲವತ್ತೆಂಟು." ಅವಳು ನೆನಪಿಸಿಕೊಂಡಳು. "ಹಾಂ! ಆ ಪುಟಕ್ಕೆ ಒಂದು ಸಾಲು ಜಾಸ್ತಿ ಆಗ್ತಿತ್ತು. ನಾನು ನಿಮಗೆ ಫೋನ್ ಮಾಡಿದೆ. ಅಡಿಟಿಪ್ಪಣಿ ಮಾತ್ರ ಮುಟ್ಬೇಡಿ, ಬಾಕಿ ಎಂತ ಬೇಕಾದ್ರೂ ಅಡ್ಜಸ್ಟ್ ಮಾಡಿ ಅಂತ ನೀವೇ ಹೇಳಿದ್ದು. ಒಂದು ಸಾಲಿನ ಕೊನೆಗೆ ಗೀಟು ಮಾತ್ರ ಇತ್ತು, ಪದ ಇರ್ಲಿಲ್ಲ. ಬೇಡದ್ದು ಅಂತ ತೆಗೆದೆ. ಆಮೇಲೆ ಎರಡು ಸಲ ಪ್ರೂಫ್ ಕಳಿಸಿದೆ. ಇಬ್ಬರ ಸೈನೂ ಉಂಟು."

ಇತ್ತು. ಎರಡು ಪ್ರೂಫಿನ ಆ ಪುಟದ ಕೆಳಗೂ, ಹನ್ನೊಂದು ವರ್ಷ ಒಂದು ಸಾಲಿಗಾಗಿ ಬದುಕಿದ್ದ ಇಬ್ಬರು ವಿಮರ್ಶಕಶಿಖಾಮಣಿಗಳು, ಆ ಸಾಲು ಇಲ್ಲದಿರುವುದನ್ನು ಕಾಣದೆ, 'ಸರಿಯಿದೆ' ಎಂದು ಬರೆದು ಸಹಿ ಹಾಕಿದ್ದರು. ಇಬ್ಬರೂ ಅಡಿಟಿಪ್ಪಣಿಗಳನ್ನು ಮಾತ್ರ ಓದಿದ್ದರು.

ಪಾದ್ರಿ ಮೊದಲು ಕುಳಿತನು. ಆಮೇಲೆ ಮಾಷ್ಟ್ರು ಕುಳಿತನು.

"ಸೇರಿಸಿ ವಾರಿಜಕ್ಕ," ಎಂದನು ಪಾದ್ರಿ, ಮೊದಲ ಬಾರಿಗೆ ಬೇಡುವ ದನಿಯಲ್ಲಿ. "ಬೇಕಾದ್ರೆ ಅಡಿಟಿಪ್ಪಣಿ ಒಂದು ತೆಗೀರಿ."

"ಎರಡು ತೆಗೀರಿ," ಎಂದನು ಮಾಷ್ಟ್ರು.

ಅವಳು ಸಾಲನ್ನು ಬೆರಳಚ್ಚಿಸಿ ಕೊನೆಯ ಪದಕ್ಕೆ ಬಂದು ನಿಂತಳು. "ಈಗ ಯಾರು ಕಾಯುದು, ಬೇಗ ಹೇಳಿ. ನನಗೆ ಊಟಕ್ಕೆ ಹೋಗ್ಲಿಕ್ಕುಂಟು."

ವಾರಿಜಕ್ಕ ಪರದೆಯನ್ನೊಮ್ಮೆ, ಅವರನ್ನೊಮ್ಮೆ ನೋಡಿದಳು. "ಆಡೋ ಹೆಂಗ್ಸೋ, ಬಾಗಿಲಲ್ಲಿ ನಮ್ಮನ್ನು ಕಾಯುದು ಒಂದು ಜೀವ ಅಲ್ವಾ ಸಾರ್? ಜೀವ ಅಂತ ಹಾಕಿದ್ರೆ ಆಗುದಿಲ್ವಾ?"

ಸಂಜೆ ಹೊಸ್ತಿಲಲ್ಲಿ ನಿಂತು, ಎಲೆ ಜಗಿಯುತ್ತ, ನನ್ನ ದಾರಿ ಕಾಯುವ ಜೀವ. ಮಾಷ್ಟ್ರು ಅದನ್ನು ತುಟಿಯಲ್ಲೇ ಹೇಳಿನೋಡಿದನು. ಪಾದ್ರಿ ಕನ್ನಡಕ ತೆಗೆದು ನಿಲುವಂಗಿಯ ಅಂಚಿನಲ್ಲಿ ಬಹಳ ಹೊತ್ತು ಒರೆಸಿದನು. ನಾಲ್ಕು ಕಿಲೋ ನಿಘಂಟಿನಲ್ಲಿ ಸಿಗದ ಪದವೊಂದು ಊಟದ ಅವಸರದಲ್ಲಿದ್ದ ಹೆಂಗಸಿನ ಬಾಯಿಂದ ಉದುರಿತ್ತು.

"ಟೈಪ್ ಮಾಡಿದೆ. ಒಮ್ಮೆ ನೋಡಿ ಹೇಳಿ," ಎಂದಳು ವಾರಿಜಕ್ಕ.

ಇಬ್ಬರೂ ಪರದೆಯತ್ತ ಬಾಗಿದರು. ಒಬ್ಬನ ಕನ್ನಡಕ ಕೈಯಲ್ಲಿತ್ತು, ಇನ್ನೊಬ್ಬನ ಕಣ್ಣು ಮಂಜಾಗಿತ್ತು. "ಸರಿ ಉಂಟು, ಸರಿ ಉಂಟು," ಎಂದು ಮಹಾರಥರಿಬ್ಬರೂ ಏಕಕಂಠದಿಂದ ಅಪ್ಪಣೆ ಕೊಟ್ಟರು.

ಹದಿನೈದು ದಿನಕ್ಕೆ ಮುನ್ನೂರು ಪ್ರತಿಗಳು ಗ್ರಂಥಾಲಯಕ್ಕೆ ಬಂದವು. ಪಾದ್ರಿ ಕಟ್ಟು ಬಿಚ್ಚಿ, ನಾಲ್ಕನೆಯ ಕುರುಬಗೀತೆ ತೆರೆದು, ಮಾಷ್ಟ್ರ ಬಲಗಿವಿಯ ಬಳಿ ಗಟ್ಟಿಯಾಗಿ ಓದಿದನು:

"ಸಂಜೆ ಹೊಸ್ತಿಲಲ್ಲಿ ನಿಂತು, ಎಲೆ ಜಗಿಯುತ್ತ, ನನ್ನ ದಾರಿ ಕಾಯುವ ಜೀಪ."

"ಎಂತ?" ಎಂದನು ಮಾಷ್ಟ್ರು.

"ಜೀಪ."

"ಜೀಪಾ?"

ಆ ದಿನ ಮಧ್ಯಾಹ್ನದಿಂದ ಲ್ಯಾಟಿನ್‌ವ್ಯಾಕರಣಾರಣ್ಯಪಂಚಾನನನೂ ಛಂದಃಸಮುದ್ರಮಂದರನೂ ಒಂದೊಂದು ಕಪ್ಪು ಪೆನ್ನು ಹಿಡಿದು, ಎದುರುಬದುರು ಕುಳಿತು, ಒಂದೊಂದೇ ಪ್ರತಿಯನ್ನು ತೆರೆದು ಜೀಪನ್ನು ಜೀವ ಮಾಡತೊಡಗಿದರು. ಎಪ್ಪತ್ತನೆಯ ಪ್ರತಿಗೆ ಪಾದ್ರಿಯ ಕೈ ಸೋತಿತು.

"ಮಾಷ್ಟ್ರೇ, ಬಾಕಿಯದ್ದು ಹಾಗೇ ಇರ್ಲಿ. ಯಾರು ಓದ್ತಾರೆ?"

ಮಾಷ್ಟ್ರು ಸ್ವಲ್ಪ ಯೋಚಿಸಿ, ಪೆನ್ನಿನ ಮುಚ್ಚಳ ಹಾಕಿದನು.